ಹಣತೆಗಿಡ

ಕಳೆದ ದೀಪಾವಳಿಯ ರಜೆಯಲ್ಲಿ ನಮ್ಮ ಮೊಮ್ಮಗಳು ಬೆಂಗಳೂರಿನಿಂದ ಧಾರವಾಡಕ್ಕೆ ಬಂದಿದ್ದಳು. ಒಂಬತ್ತು ವರುಷದ ಕೂಸು. ಬಟ್ಟೆಬರೆಗಳೊಡನೆ ಶಾಲೆಯವರು ಒಪ್ಪಿಸಿದ ಒಂದು ಕೆಲಸವನ್ನೂ ಚೀಲದಲ್ಲಿ ಹೊತ್ತು ತಂದಿದ್ದಳು. ಲೋಕದಲ್ಲಿ ಎಲ್ಲಿಯೂ ಇಲ್ಲದ ಒಂದು ಸಸ್ಯವನ್ನು ಕಲ್ಪಿಸಿ, ಅದರ ಚಿತ್ರ ಬರೆದು, ಅದರ ಗುಣವಿಶೇಷಗಳನ್ನು ಹತ್ತು ವಾಕ್ಯಗಳಲ್ಲಿ ವಿವರಿಸಬೇಕಾಗಿತ್ತು. ಪಡಸಾಲೆಯ ನೆಲದ ಮೇಲೆ ಬೋರಲು ಮಲಗಿ ಎರಡು ದಿನ ಬಣ್ಣ ತುಂಬಿದಳು. ನೀಲಿಯ ಕಾಂಡ, ಹಣತೆಯ ಆಕಾರದ ಎಲೆಗಳು, ಎಲೆಯೊಂದೊಂದರ ತುದಿಯಲ್ಲಿ ಹಸಿರು ಬೆಳಕು, ಕಾಂಡದ ಉದ್ದಕ್ಕೂ ಕೊಳಲಿಗಿರುವಂತೆ ರಂಧ್ರಗಳು. ಇರುಳಾದರೆ ಗಿಡ ಬೆಳಗುತ್ತದೆ, ಗಾಳಿ ಬೀಸಿದರೆ ಹಾಡುತ್ತದೆ. ಹೆಸರು ಹಣತೆಗಿಡ. ಹತ್ತನೆಯ ವಾಕ್ಯ ಹೀಗಿತ್ತು: ಈ ಗಿಡದ ಹಾಡು ಕೇಳಿದರೆ ಎಂಥ ಕಾಯಿಲೆಯಾದರೂ ವಾಸಿಯಾಗುತ್ತದೆ.

ಬರೆದು ಮುಗಿಸಿ ನಮ್ಮ ಓದುವ ಮಣೆಯ ಬಳಿ ಬಂದು ಕುಳಿತಳು. “ಅಜ್ಜಾ, ನೀನು ಇಷ್ಟೊಂದು ಪುಸ್ತಕ ಓದಿದೀಯಲ್ಲ, ಇಂಥ ಗಿಡ ನಿಜವಾಗ್ಲೂ ಎಲ್ಲಾದರೂ ಇದೆಯಾ?” ಎಂದು ಕೇಳಿದಳು.

ಇಲ್ಲವೆಂದು ಹೇಳಿ ಮುಗಿಸಬಹುದಾಗಿತ್ತು. ಆದರೆ ಇಂಥದೇ ಗಿಡವೊಂದು ಇದೆಯೆಂದು ನಾವು ಒಮ್ಮೆ ನೂರಾರು ಜನರ ಮುಂದೆ ಹೇಳಿದ್ದೆವು. ಆ ಮಾತಿನ ಫಲವನ್ನೂ ಕಂಡಿದ್ದೆವು. ಆದುದರಿಂದ ಆ ಸಂಜೆ ಮಗುವಿಗೆ ಹೇಳಿದ ಸಂಗತಿಯನ್ನೂ, ಮಗುವಿಗೆ ಹೇಳದೆ ಉಳಿಸಿದ್ದನ್ನೂ ಓದುಗ ಬಂಧುಗಳ ಮುಂದೆ ಇಡುತ್ತಿದ್ದೇವೆ.

ನಾವು ಮಠದ ಸಂಸ್ಕೃತ ಪಾಠಶಾಲೆಗೆ ಸೇರಿದ್ದು ಹತ್ತನೆಯ ವಯಸ್ಸಿನಲ್ಲಿ. ಬೆಳಗಿನ ಜಾವದಲ್ಲಿ ಸ್ನಾನ, ಲಿಂಗಪೂಜೆ, ಬಳಿಕ ಅಮರಕೋಶದ ಕಂಠಪಾಠ. ಸಂಜೆ ಎಂಟು ಹುಡುಗರಿಗೆ ಒಂದು ಕಂದೀಲು. ಸೀಮೆಎಣ್ಣೆ ಅಳೆದು ಕೊಡುತ್ತಿದ್ದರು. ಎಣ್ಣೆ ತೀರಿದರೆ ಓದೂ ತೀರಿತು. ಪ್ರಥಮಾ ಪರೀಕ್ಷೆ ಮುಗಿಸಿ ಕಾವ್ಯ ತರಗತಿಗೆ ಬಂದಾಗ ಗುರುಗಳು ಕಾಳಿದಾಸನ ಕುಮಾರಸಂಭವದ ಮೊದಲ ಸರ್ಗವನ್ನು ಎತ್ತಿಕೊಂಡರು. ಹಿಮವತ್ಪರ್ವತದ ವರ್ಣನೆ. ಎಂಟನೆಯ ಶ್ಲೋಕದಲ್ಲಿ ಗುಹೆಗಳ ಬಾಯಿಂದ ಹೊರಟ ಗಾಳಿ ಬಿದಿರಿನ ರಂಧ್ರಗಳನ್ನು ತುಂಬುತ್ತದೆ. ಹಾಡಲು ತೊಡಗುವ ಕಿನ್ನರರಿಗೆ ಪರ್ವತವೇ ಶ್ರುತಿ ಹಿಡಿದಂತೆ ತೋರುತ್ತದೆ. ಒಂದು ಶ್ಲೋಕ ದಾಟಿದರೆ ಹತ್ತನೆಯದರಲ್ಲಿ ಇರುಳಿನಲ್ಲಿ ತಾವೇ ಬೆಳಗುವ ಓಷಧಿಗಳು ಬರುತ್ತವೆ. ಕಾಡಿನ ಜನರ ಗುಹೆಗಳಿಗೆ ಅವು ಎಣ್ಣೆ ಬೇಡದ ದೀಪಗಳು. ಯಾವ ಸಂದರ್ಭದ ದೀಪಗಳು ಎಂಬುದನ್ನು ತಿಳಿಸುವ ಸಮಾಸಪದವನ್ನು ನಮ್ಮ ಗುರುಗಳು ಒಮ್ಮೆ ಕೆಮ್ಮಿ ದಾಟಿಸಿದರು. ಅದರ ಅರ್ಥವನ್ನು ನಾವು ಮದುವೆಯ ವಯಸ್ಸಿಗೆ ಬಂದ ಮೇಲೆ ನಾವೇ ಬಿಡಿಸಿಕೊಂಡೆವು.

ಅಂದು ನಮ್ಮ ಮನಸ್ಸನ್ನು ಹಿಡಿದದ್ದು ಎಣ್ಣೆ ಬೇಡ ಎಂಬ ಮಾತು. ಅಂಥ ಗಿಡ ಒಂದಿದ್ದರೆ ಕುಂಡದಲ್ಲಿಟ್ಟುಕೊಂಡು ರಾತ್ರಿಯೆಲ್ಲ ಓದಬಹುದಲ್ಲ! ಕೈಮುಗಿದು ನಿಂತು, “ಗುರುಗಳೆ, ಆ ಓಷಧಿ ಈಗ ಎಲ್ಲಿ ದೊರೆಯುತ್ತದೆ?” ಎಂದು ಕೇಳಿದೆವು.

“ಹತ್ತನೆಯ ಶ್ಲೋಕದಲ್ಲಿ ದೊರೆಯುತ್ತದೆ. ಬೇರೆಲ್ಲಿಯೂ ಹುಡುಕಬೇಡ” ಎಂದರು ಗುರುಗಳು.

ಹುಡುಗರೆಲ್ಲ ನಕ್ಕರು. ನಾವೂ ನಕ್ಕು ಕುಳಿತೆವು. ಗುರುವಾಕ್ಯವನ್ನು ವಿನೋದವೆಂದು ಬಗೆದು ಮರೆತದ್ದು ನಮ್ಮ ಮೊದಲ ತಪ್ಪು.

ಬಿದಿರಿನ ಮಾತು ಬೇರೆ. ಅಮರಸಿಂಹನು ಗಾಳಿಗೆ ಸಿಲುಕಿ ಧ್ವನಿಗೈಯುವ ಬಿದಿರಿಗೆ ಕೀಚಕವೆಂದು ಹೆಸರು ಕೊಟ್ಟಿದ್ದಾನೆ. ಇದು ಕವಿಕಲ್ಪನೆಯಲ್ಲ. ಬಿದಿರಿನ ಎರಡು ಗೆಣ್ಣುಗಳ ನಡುವೆ ಟೊಳ್ಳು. ದುಂಬಿಯೋ ಹುಳವೋ ಅದನ್ನು ಕೊರೆದು ತೂತು ಮಾಡುತ್ತದೆ. ಆ ತೂತಿನ ಮೇಲೆ ಗಾಳಿ ಅಡ್ಡಲಾಗಿ ಹಾಯ್ದರೆ ಒಳಗಿನ ಗಾಳಿಯ ಕಂಬ ಅದುರಿ ಸ್ವರ ಹೊರಡುತ್ತದೆ. ಖಾಲಿ ಶೀಶೆಯ ಬಾಯಿಗೆ ತುಟಿಯಿಟ್ಟು ಊದುವ ಮಕ್ಕಳು ಮಾಡುವುದೂ ಇದನ್ನೇ. ಎಂಟನೆಯ ಶ್ಲೋಕದ ಸಸ್ಯ ನಿಜವಾಗಿದ್ದರೆ ಹತ್ತನೆಯ ಶ್ಲೋಕದ್ದೂ ಏಕೆ ನಿಜವಾಗಿರಬಾರದು? ನಮ್ಮ ಬುದ್ಧಿ ಜಾರಿದ್ದು ಈ ತರ್ಕದಲ್ಲಿ.

1996ರ ಶ್ರಾವಣ ಮಾಸ. ಹೊಸನಗರದ ಆಚೆಯ ಒಂದು ಊರಿನ ಭಕ್ತರು ತಿಂಗಳ ಪ್ರವಚನಕ್ಕೆ ನಮ್ಮನ್ನು ಕರೆಸಿಕೊಂಡಿದ್ದರು. ಹರಿಹರನ ಗಿರಿಜಾಕಲ್ಯಾಣವನ್ನು ವಿಷಯವಾಗಿ ಆರಿಸಿಕೊಂಡಿದ್ದೆವು. ಆಗ ನಮಗೆ ಮೂವತ್ತೇಳು ವರುಷ. ಕಂಠ ಚೆನ್ನಾಗಿತ್ತು; ಜನ ತಲೆದೂಗುತ್ತಿದ್ದರು; ಆ ತಲೆದೂಗುವಿಕೆಯ ರುಚಿ ನಮಗೂ ಹತ್ತಿತ್ತು. ಹಿಮಾಲಯದ ವರ್ಣನೆಗೆ ಬಂದಾಗ ಕಾಳಿದಾಸನನ್ನು ತಂದೆವು, ಬೆಳಗುವ ಓಷಧಿಗಳನ್ನು ತಂದೆವು, ಅಲ್ಲಿಂದ ವಾಲ್ಮೀಕಿಗೆ ಹಾರಿದೆವು. ಯುದ್ಧಕಾಂಡದಲ್ಲಿ ಹನುಮಂತನು ತರಹೋದ ನಾಲ್ಕು ಮೂಲಿಕೆಗಳು ದಿಕ್ಕುಗಳನ್ನು ಬೆಳಗುತ್ತಿದ್ದುವು. ಬೇಡಿ ಬಂದವನನ್ನು ಕಂಡು ಅವು ಮರೆಯಾದುವು. ಅದರಿಂದಲೇ ಅವನು ಶಿಖರವನ್ನೇ ಎತ್ತಿ ತಂದನು. ಇಲ್ಲಿಗೆ ನಿಲ್ಲಿಸಿದ್ದರೆ ಸರಿಯಾಗುತ್ತಿತ್ತು. ಸಭೆ ಮೈಮರೆತಿದ್ದುದನ್ನು ಕಂಡು ಮುಂದುವರಿದೆವು: “ಆ ಮೂಲಿಕೆ ಎಲ್ಲಿಗೂ ಹೋಗಿಲ್ಲ. ನಿಮ್ಮ ಈ ಸಹ್ಯಾದ್ರಿಯ ಕಾಡಿನಲ್ಲಿಯೇ ಮಳೆಗಾಲದ ಇರುಳು ಬೆಳಗುತ್ತಿದೆ. ಶ್ರದ್ಧೆ ಇದ್ದವನಿಗೆ ಕಾಣಿಸುತ್ತದೆ. ಬಣ್ಣಬಣ್ಣದ ಗುಳಿಗೆ ನುಂಗುವ ನಮಗೆ ಅದು ಹೇಗೆ ಕಂಡೀತು?” ಜನ ಚಪ್ಪಾಳೆ ತಟ್ಟಿದರು. ಕಾಡಿನಲ್ಲಿ ಏನೋ ಹೊಳೆಯುತ್ತದೆಂದು ಯಾರೋ ಹೇಳಿದ್ದನ್ನು ಕೇಳಿದ್ದೆವು, ಅಷ್ಟೆ. ಅದಕ್ಕೆ ಸಂಜೀವಿನಿಯನ್ನು ಸೇರಿಸಿದವರು ನಾವು.

ಎಂಟು ದಿನ ಕಳೆದುವು. ಒಂದು ರಾತ್ರಿ ಪ್ರವಚನ ಮುಗಿಸಿ ಬಿಡಾರದಲ್ಲಿ ಕುಳಿತಿದ್ದಾಗ ಒಬ್ಬ ಒಕ್ಕಲಿಗ ಭಕ್ತರು ಬಂದರು. ಕಂಬಳಿಕೊಪ್ಪೆಯಿಂದ ನೀರು ಸುರಿಯುತ್ತಿತ್ತು. ಎದೆಗೆ ಒತ್ತಿ ಹಿಡಿದಿದ್ದ ಒದ್ದೆ ಬಟ್ಟೆಯ ಗಂಟನ್ನು ನಮ್ಮ ಮುಂದಿಟ್ಟು ಬಿಚ್ಚಿದರು. ಒಂದು ಮೊಳ ಉದ್ದದ ಕೊಳೆತ ಕಟ್ಟಿಗೆಯ ತುಂಡು. ನಮಗೆ ಏನೂ ತಿಳಿಯಲಿಲ್ಲ.

“ದೀಪ ಆರಿಸ್ಬೇಕು ಅಯ್ನೋರೆ” ಎಂದರು.

ಕರೆಂಟು ಸಂಜೆಯೇ ಹೋಗಿತ್ತು. ಉರಿಯುತ್ತಿದ್ದ ಬುಡ್ಡಿಯನ್ನು ಊದಿದೆವು. ಕಗ್ಗತ್ತಲು. ಮೊದಲು ಏನೂ ಕಾಣಿಸಲಿಲ್ಲ, ಮಳೆಯ ಸದ್ದೊಂದೇ. ಕಣ್ಣು ಕತ್ತಲೆಗೆ ಒಗ್ಗಲು ಹೊತ್ತು ಬೇಕು, ತಾಳಿ, ಎಂದರು ಅವರು. ಕೆಲವು ನಿಮಿಷ ಕಳೆದ ಮೇಲೆ ನೆಲದ ಮೇಲೆ ಏನೋ ಮಸುಕಾಗಿ ಮೂಡಿತು. ಬೆಳದಿಂಗಳಿಗೆ ತುಸು ಹಸಿರು ಬೆರೆಸಿ ಕಟ್ಟಿಗೆಗೆ ಬಳಿದಂತಿತ್ತು. ಅಲುಗದ, ಮಿನುಗದ, ಬಿಸಿಯಿಲ್ಲದ ಬೆಳಕು. ಕೈ ಚಾಚಿ ಮುಟ್ಟಿದೆವು. ತಗುಲಿದ್ದು ತಣ್ಣನೆಯ ಒದ್ದೆ ಸೌದೆ. ಆದರೆ ನಮ್ಮ ಬೆರಳುಗಳ ನೆರಳು ಅದರ ಮೇಲೆ ಬಿದ್ದದ್ದು ಕಂಡಿತು. ನಾವು ಉಸಿರು ಬಿಗಿಹಿಡಿದು ಕುಳಿತಿದ್ದೆವು.

“ನೀವು ಹೇಳಿದ್ದು ಸಿಕ್ತು ಅಯ್ನೋರೆ. ಮೂರು ರಾತ್ರಿ ಬೆಟ್ಟ ತಿರುಗಿದೆ. ಇದನ್ನ ಅರೆದು ಕೊಡ್ಬೇಕೋ, ಕಷಾಯ ಮಾಡ್ಬೇಕೋ, ಅದೊಂದು ಹೇಳ್ಬಿಡಿ.”

ಯಾರಿಗೆ ಎಂದು ಕೇಳಿದೆವು. ಅವರ ಹತ್ತು ವರುಷದ ಮಗನಿಗೆ. ಹುಡುಗನಿಗೆ ಮೂರ್ಛೆರೋಗ. ಎರಡು ವರುಷದಿಂದ ಪೇಟೆಯ ವೈದ್ಯರ ಗುಳಿಗೆ ನಡೆದಿತ್ತು. ನಮ್ಮ ಮಾತು ಕೇಳಿ ಬಂದ ರಾತ್ರಿಯೇ ಅದನ್ನು ನಿಲ್ಲಿಸಿದ್ದರು. ಮೂಲಿಕೆ ಸಿಕ್ಕಬೇಕಾದರೆ ಶ್ರದ್ಧೆ ಬೇಕಲ್ಲ, ಎರಡನ್ನೂ ಇಟ್ಟುಕೊಂಡರೆ ಶ್ರದ್ಧೆ ಹೇಗಾದೀತು ಎಂಬುದು ಅವರ ಎಣಿಕೆ. ಆರನೆಯ ದಿನ ಹುಡುಗ ಬಚ್ಚಲೊಲೆಯ ಮುಂದೆ ಕುಳಿತಿದ್ದಾಗ ರೋಗ ಬಂದು ಬಿದ್ದ. ಮುಂಗೈ ಕೆಂಡಕ್ಕೆ ತಗುಲಿತು. ಇದನ್ನು ಅವರು ದೂರಿನ ದನಿಯಲ್ಲಿ ಹೇಳಲಿಲ್ಲ. ಔಷಧ ಬೇಗ ಬೇಕಾದುದಕ್ಕೆ ಕಾರಣವೆಂದು ಹೇಳಿದರು.

ಕತ್ತಲೆಯಲ್ಲಿ ನಮ್ಮ ಮುಖ ಅವರಿಗೆ ಕಾಣುತ್ತಿರಲಿಲ್ಲ ಎಂಬುದೊಂದೇ ಆ ಹೊತ್ತಿನ ಆಸರೆ. ಬಂಧುಗಳೆ, ಮುಚ್ಚುಮರೆಯಿಲ್ಲದೆ ಹೇಳುತ್ತೇವೆ: ಲಿಂಗಕ್ಕೆ ತೋರಿಸಿ ಹೊಳೆಗೆ ಬಿಡಿರಿ, ಗುಣವಾಗುತ್ತದೆ, ಗುಳಿಗೆಯನ್ನೂ ಕೊಡುತ್ತಿರಿ ಎಂದು ಜಾರಿಕೊಳ್ಳುವ ಯೋಚನೆ ನಮ್ಮ ಮನಸ್ಸಿನಲ್ಲಿ ಸುಳಿಯಿತು. ಮಾತಿನ ಮರ್ಯಾದೆಯೂ ಉಳಿಯುತ್ತಿತ್ತು, ಹುಡುಗನ ಗುಳಿಗೆಯೂ ನಡೆಯುತ್ತಿತ್ತು. ಆದರೆ ಆ ತುಂಡು ಅಲ್ಲಿ ಬೆಳಗುತ್ತಿತ್ತು. ನಾವು ಬರಿಯ ಬಾಯಿಂದ ಹೇಳಿದ್ದನ್ನು ಆ ಮನುಷ್ಯ ಕಾಲಿನಿಂದ ಹುಡುಕಿ ತಂದಿದ್ದರು.

“ಇದು ಔಷಧವಲ್ಲ. ನಾವು ಹೇಳಿದ್ದು ತಪ್ಪು. ಈ ಬೆಳಕನ್ನು ನಾವು ಈ ರಾತ್ರಿಯವರೆಗೆ ಕಂಡೇ ಇರಲಿಲ್ಲ” ಎಂದೆವು.

ಬಹಳ ಹೊತ್ತು ಅವರು ಮಾತಾಡಲಿಲ್ಲ. ಬಳಿಕ ಕೇಳಿದರು: “ಕಾಣದೆ ಹೇಳಿದ್ರಾ ಅಯ್ನೋರೆ?”

ಅದರಲ್ಲಿ ಕೋಪವಿರಲಿಲ್ಲ; ತಿಳಿದುಕೊಳ್ಳಲು ಕೇಳಿದ ಪ್ರಶ್ನೆ. ವಿದ್ವತ್ ಪರೀಕ್ಷೆಯಲ್ಲಿ ಹಿರಿಯ ಪಂಡಿತರ ಮುಂದೆ ವಾಕ್ಯಾರ್ಥಕ್ಕೆ ಕುಳಿತಾಗಲೂ ನಮ್ಮ ನಾಲಗೆ ಹಾಗೆ ಕಟ್ಟಿರಲಿಲ್ಲ.

ಮರುದಿನ ಬೆಳಿಗ್ಗೆ ಊರಿನವರೊಬ್ಬರ ಜೀಪಿನಲ್ಲಿ ತಂದೆ ಮಗನೊಡನೆ ನಾವೂ ಪೇಟೆಗೆ ಹೋದೆವು. ವೈದ್ಯರು ಗಾಯಕ್ಕೆ ಪಟ್ಟಿ ಕಟ್ಟುತ್ತ, ಈ ರೋಗದ ಗುಳಿಗೆಯನ್ನು ಇದ್ದಕ್ಕಿದ್ದಂತೆ ನಿಲ್ಲಿಸಿದರೆ ಮೊದಲಿಗಿಂತ ಜೋರಾಗಿ ಬರುತ್ತದೆ, ಪ್ರಾಣಕ್ಕೂ ಕುತ್ತಾಗಬಹುದು, ಎಂದು ತಂದೆಯನ್ನು ಗದರಿಸಿದರು. ಆ ಗದರಿಕೆ ಸಲ್ಲಬೇಕಾದದ್ದು ನಮಗೆ ಎಂದು ಹೇಳಿದೆವು. ಅವರು ನಮ್ಮ ವಿಭೂತಿಯನ್ನೂ ಶಾಲನ್ನೂ ನೋಡಿ ಸುಮ್ಮನಾದರು.

ಅಂದಿನ ಸಂಜೆ ಪ್ರವಚನದ ಆರಂಭದಲ್ಲಿಯೇ ನಡೆದುದನ್ನು, ಆ ಮನೆಯವರ ಹೆಸರು ಹೇಳದೆ, ಸಭೆಗೆ ಒಪ್ಪಿಸಿದೆವು. ಸಭೆಯಲ್ಲಿ ಸದ್ದಿರಲಿಲ್ಲ. ಮುಗಿದ ಮೇಲೆ ಇಬ್ಬರು ಹಿರಿಯರು ಬಿಡಾರಕ್ಕೆ ಬಂದು, ಶಾಸ್ತ್ರ ಹೇಳುವವರೇ ಹೀಗೆ ತಪ್ಪೆಂದರೆ ಜನರ ನಂಬಿಕೆ ಏನಾಗಬೇಕು ಎಂದು ಆಕ್ಷೇಪಿಸಿದರು. ಅವರಿಗೆ ತಕ್ಕ ಉತ್ತರ ಅಂದು ಹೊಳೆಯಲಿಲ್ಲ. ಮಹಾಮಂಗಲದ ದಿನ ದಾಸೋಹ ಎಂದಿನಂತೆ ನಡೆಯಿತು. ಆ ಊರಿನಿಂದ ಪ್ರವಚನಕ್ಕೆ ಮತ್ತೆ ಕರೆ ಬರಲು ಮಾತ್ರ ಏಳು ವರುಷ ಹಿಡಿಯಿತು.

ಊರಿಗೆ ಮರಳಿದ ಮೇಲೆ ಕಾಲೇಜಿನಲ್ಲಿ ಸಸ್ಯಶಾಸ್ತ್ರ ಕಲಿಸುತ್ತಿದ್ದ ಸ್ನೇಹಿತರೊಬ್ಬರ ಮನೆಗೆ ಹೋಗಿ ವಿದ್ಯಾರ್ಥಿಯಂತೆ ಕುಳಿತೆವು. ಅವರಿಂದ ತಿಳಿದದ್ದು ಇಷ್ಟು. ಬೆಳಗುವುದು ಕಟ್ಟಿಗೆಯಲ್ಲ, ಅದನ್ನು ತಿನ್ನುತ್ತಿರುವ ಶಿಲೀಂಧ್ರ, ಅಂದರೆ ಅಣಬೆಯ ಜಾತಿ. ಶಾಸ್ತ್ರದ ದೃಷ್ಟಿಯಲ್ಲಿ ಅದು ಗಿಡವೇ ಅಲ್ಲ. ನೂಲಿನಂಥ ಅದರ ಬಲೆ ಸತ್ತ ಮರದೊಳಗೆ ಹಬ್ಬಿರುತ್ತದೆ. ಅದರೊಳಗೆ ಹುಟ್ಟುವ ಲೂಸಿಫೆರಿನ್ ಎಂಬ ವಸ್ತು ಗಾಳಿಯ ಆಮ್ಲಜನಕದೊಡನೆ ಕೂಡುವಾಗ ಬೆಳಕು ಹೊರಡುತ್ತದೆ, ಶಾಖ ಹುಟ್ಟುವುದಿಲ್ಲವೆನ್ನುವಷ್ಟು ಕಡಿಮೆ. ತೇವ ಆರಿದರೆ ಬೆಳಕೂ ಆರುತ್ತದೆ. ಆ ಭಕ್ತರು ಒದ್ದೆ ಬಟ್ಟೆಯಲ್ಲಿ ಸುತ್ತಿ ತಂದದ್ದು ಏಕೆಂದು ನಮಗೆ ಆಗ ತಿಳಿಯಿತು. ಓದದೆ ತಿಳಿದವರು ಅವರು. ಬೆಳಗುವ ಅಣಬೆಗಳಲ್ಲಿ ವಿಷದವೂ ಉಂಟೆಂದು ಸ್ನೇಹಿತರು ಹೇಳಿದಾಗ ಅರೆಯುವ ಕಲ್ಲೂ ಕಷಾಯದ ಪಾತ್ರೆಯೂ ಕಣ್ಣ ಮುಂದೆ ಬಂದು ಮೈ ನಡುಗಿತು. ವೈದ್ಯಗ್ರಂಥಗಳ ಜ್ಯೋತಿಷ್ಮತಿಯ ಮಾತನ್ನೂ ಎತ್ತಿದೆವು. ಅದು ಕೆಂಪು ಹೊದಿಕೆಯ ಬೀಜ ಬಿಡುವ ಒಂದು ಬಳ್ಳಿ. ಬೀಜದಿಂದ ಎಣ್ಣೆ ತೆಗೆಯುತ್ತಾರೆ. ಹೆಸರು ಏನೇ ಇರಲಿ, ಇರುಳಿನಲ್ಲಿ ಅದು ಬೆಳಗುವುದಿಲ್ಲ.

ಈಚಿನ ವರುಷಗಳ ಸುದ್ದಿ ಮತ್ತೂ ವಿಚಿತ್ರ. 1986ರಲ್ಲಿ ಅಮೆರಿಕದವರು ಮಿಂಚುಹುಳದ ವಂಶವಾಹಿಯನ್ನು ಹೊಗೆಸೊಪ್ಪಿನ ಗಿಡಕ್ಕೆ ಸೇರಿಸಿದ್ದರು. ಬೆಳಕಿಗೆ ಬೇಕಾದ ಲೂಸಿಫೆರಿನ್ನನ್ನು ಮಾತ್ರ ಹೊರಗಿನಿಂದ ಉಣಿಸಬೇಕಾಗಿತ್ತು. ಅದೂ ಎಣ್ಣೆ ಬೇಡುವ ದೀಪವೇ. 2018ರಲ್ಲಿ ಬೆಳಗುವ ಅಣಬೆಯ ವಂಶವಾಹಿಗಳ ಗುಟ್ಟು ಬಯಲಾಯಿತು. ಅಣಬೆ ತನ್ನ ಬೆಳಕಿಗೆ ಬಳಸುವ ಮೂಲವಸ್ತು ಹಸಿರು ಗಿಡಗಳಲ್ಲಿಯೂ ಸಹಜವಾಗಿ ಇರುವಂಥದು. 2020ರಲ್ಲಿ ರಷ್ಯದ ವಿಜ್ಞಾನಿಗಳೂ ಅವರ ಸಂಗಡಿಗರೂ ಆ ವಂಶವಾಹಿಗಳನ್ನು ಹೊಗೆಸೊಪ್ಪಿಗೆ ಸೇರಿಸಿ, ಏನನ್ನೂ ಉಣಿಸದೆ ಮೊಳಕೆಯಿಂದ ಹೂವಿನವರೆಗೆ ತಾನೇ ಬೆಳಗುವ ಗಿಡವನ್ನು ಪಡೆದರು. 2024ರಲ್ಲಿ ಅಮೆರಿಕದಲ್ಲಿ ಇಂಥ ಪೆಟೂನಿಯಾ ಹೂಗಿಡ 29 ಡಾಲರಿಗೆ ಮಾರಾಟಕ್ಕೆ ಬಂದಿತು. ಹತ್ತನೆಯ ಶ್ಲೋಕ ಬಿಟ್ಟು ಬೇರೆಲ್ಲಿಯೂ ಹುಡುಕಬೇಡವೆಂದ ನಮ್ಮ ಗುರುಗಳು ಇದ್ದಿದ್ದರೆ ಏನೆನ್ನುತ್ತಿದ್ದರೋ! ಅದರ ಬೆಳಕಿನಲ್ಲಿ ಎಂಟು ಹುಡುಗರು ಅಮರಕೋಶ ಓದಲಾರರು ಎಂಬುದಂತೂ ದಿಟ. ಅದನ್ನು ಕಾಣಲಿಕ್ಕೇ ಕೋಣೆಯನ್ನು ಕತ್ತಲೆ ಮಾಡಬೇಕಂತೆ.

ಹಾಡಿನ ಸಂಗತಿ ನಮ್ಮ ಮನಸ್ಸನ್ನು ಹೆಚ್ಚು ಕಲಕಿದೆ. ಎಲೆಗೆ ತಂತಿ ಸಿಕ್ಕಿಸಿ, ಇದೋ ಗಿಡದ ಸಂಗೀತವೆಂದು ಕೇಳಿಸುವ ಯಂತ್ರಗಳು ಮಾರಾಟದಲ್ಲಿವೆ. ಸಸ್ಯದಲ್ಲಿ ವಿದ್ಯುತ್ತಿನ ಏರಿಳಿತವಿರುವುದು ಸತ್ಯ. ಜಗದೀಶಚಂದ್ರ ಬೋಸರು 1901ರಲ್ಲಿ ಲಂಡನ್ನಿನ ರಾಯಲ್ ಇನ್‌ಸ್ಟಿಟ್ಯೂಷನ್ನಿನಲ್ಲಿ ಪಂಡಿತರ ಮುಂದೆ ಅದನ್ನು ಪ್ರಯೋಗದಿಂದ ತೋರಿಸಿದ್ದರು. ಆದರೆ ಆ ಏರಿಳಿತಕ್ಕೆ ಸ್ವರ ತೊಡಿಸುವುದು ಯಂತ್ರ. ರಾಗ ಯಂತ್ರದ್ದು, ಗಿಡದ್ದಲ್ಲ. ಗಿಡದ್ದೇ ಆದ ಸದ್ದು ಯಾವುದೆಂಬುದನ್ನು 2023ರಲ್ಲಿ ಇಸ್ರೇಲಿನ ಟೆಲ್ ಅವೀವ್ ವಿಶ್ವವಿದ್ಯಾಲಯದವರು ಪ್ರಕಟಿಸಿದರು. ಟೊಮೆಟೊ ಮತ್ತು ಹೊಗೆಸೊಪ್ಪಿನ ಗಿಡಗಳ ಬಳಿ ಸೂಕ್ಷ್ಮ ಮೈಕುಗಳನ್ನಿಟ್ಟರು. ನೀರುಂಡ ಗಿಡ ಗಂಟೆಗೆ ಒಂದು ಸದ್ದನ್ನೂ ಮಾಡುವುದಿಲ್ಲ. ನೀರಿಲ್ಲದೆ ಒಣಗತೊಡಗಿದ ಗಿಡ, ಕಾಂಡ ಕತ್ತರಿಸಿದ ಗಿಡ, ಗಂಟೆಗೆ ಮೂವತ್ತರಿಂದ ಐವತ್ತು ಸಲ ಚಿಟಿಕೆ ಹೊಡೆದಂತೆ ಸದ್ದು ಮಾಡುತ್ತದೆ. ನೀರು ಏರುವ ನಾಳಗಳಲ್ಲಿ ಗಾಳಿಯ ಗುಳ್ಳೆ ಒಡೆಯುವುದರಿಂದ ಇರಬಹುದೆಂದು ಅವರ ಊಹೆ. ಮನುಷ್ಯರ ಕಿವಿಗೆ ನಿಲುಕದಷ್ಟು ತಾರಸ್ಥಾಯಿಯಲ್ಲಿರುವುದರಿಂದ ಆ ಸದ್ದು ನಮಗೆ ಕೇಳಿಸುವುದಿಲ್ಲ. ಅದನ್ನು ನಾವು ಹಾಡೆಂದು ಕರೆಯಲಾರೆವು. ಕರೆಯುವಾಸೆಯೇನೋ ಬಹಳ, ಪ್ರವಚನಕ್ಕೆ ಹೇಳಿ ಮಾಡಿಸಿದ ದೃಷ್ಟಾಂತವಾಗುತ್ತಿತ್ತು. ಆದರೆ ಆ ರಾತ್ರಿಯ ಪ್ರಶ್ನೆ ಇಂದಿಗೂ ನಾಲಗೆಯನ್ನು ಹಿಡಿದು ನಿಲ್ಲಿಸುತ್ತದೆ.

ಮೊಮ್ಮಗಳಿಗೆ ಬಿದಿರನ್ನು ಹೇಳಿದೆವು, ಅಣಬೆಯನ್ನು ಹೇಳಿದೆವು, ಟೊಮೆಟೊ ಗಿಡದ ಚಿಟಿಕೆಯನ್ನೂ ಹೇಳಿದೆವು. ಎರಡು ಶ್ಲೋಕಗಳಲ್ಲಿ ಕವಿ ಬೇರೆಬೇರೆ ಇಟ್ಟುದನ್ನು ನೀನು ಒಂದೇ ಕಾಂಡದ ಮೇಲೆ ತಂದೆ ಎಂದು ಮೆಚ್ಚಿದೆವು. ಬಚ್ಚಲೊಲೆಯ ಸಂಗತಿಯನ್ನು ಹೇಳಲಿಲ್ಲ. ಆದರೆ ಮಗು ಬಲು ಚೂಟಿ. “ಹಾಗಾದ್ರೆ ನನ್ನ ಹತ್ತನೇ ವಾಕ್ಯ ತಪ್ಪಾ ಅಜ್ಜಾ?” ಎಂದು ಕೇಳಿದಳು. ತಪ್ಪಲ್ಲ ಮಗಳೆ, ಇದು ಇಲ್ಲದ ಗಿಡವೆಂದು ಹಾಳೆಯ ತಲೆಯ ಮೇಲೆಯೇ ಬರೆದಿದ್ದೀಯಲ್ಲ ಎಂದೆವು. ನಮ್ಮ ಅಂದಿನ ಪ್ರವಚನಕ್ಕೆ ಅಂಥ ತಲೆಬರಹವಿರಲಿಲ್ಲ. ಅವಳು ಸ್ವಲ್ಪ ಹೊತ್ತು ಪೆನ್ಸಿಲು ಕಚ್ಚುತ್ತ ಯೋಚಿಸಿ, ಗಾಳಿ ಬೀಸಿದರೆ ಹಾಡುತ್ತದೆ ಎಂಬ ವಾಕ್ಯದ ಮುಂದೆ, ಬಾಯಾರಿದರೂ ಹಾಡುತ್ತದೆ, ನೀರು ಹಾಕಿದರೆ ಸುಮ್ಮನಾಗುತ್ತದೆ ಎಂದು ಸೇರಿಸಿದಳು.

ಆ ಹುಡುಗನ ಮಾತು ಉಳಿಯಿತು. ಗುಳಿಗೆ ತಪ್ಪದೆ ನಡೆದು, ಕೆಲವು ವರುಷ ರೋಗ ಕಾಣಿಸಿಕೊಳ್ಳದಿದ್ದ ಮೇಲೆ ವೈದ್ಯರೇ ಮೆಲ್ಲಮೆಲ್ಲನೆ ಕಡಿಮೆ ಮಾಡಿ ನಿಲ್ಲಿಸಿದರು. ಈಗ ಅವರು ಎರಡು ಮಕ್ಕಳ ತಂದೆ. ಅಡಿಕೆ ತೋಟ ನೋಡಿಕೊಳ್ಳುತ್ತಾರೆ. ಮುಂಗೈಯ ಕಲೆ ಹಾಗೆಯೇ ಇದೆ. ತಂದೆ ಲಿಂಗೈಕ್ಯರಾದರು. ಪ್ರತಿ ಮಳೆಗಾಲದಲ್ಲಿ ಮನೆಯ ಹಿಂದಿನ ಬೆಟ್ಟದಲ್ಲಿ ಬೆಳಕು ಕಾಣಿಸಿಕೊಂಡ ಕೂಡಲೆ, “ಅಯ್ನೋರೆ, ದೀಪ ಹತ್ತಿದಾವೆ” ಎಂದು ಮಗ ಫೋನು ಮಾಡುತ್ತಾರೆ. ನಾಲ್ಕು ಸಲ ಹೋಗಿ ಬಂದಿದ್ದೇವೆ. ಒಂದು ಸಲ, ಹಳ್ಳದ ದಂಡೆಯಲ್ಲಿ, ಕಾಲ ಬುಡದಲ್ಲಿ ಬಿದ್ದ ಕೊಂಬೆ ಬೆಳಗುತ್ತಿದ್ದಾಗ ಗಾಳಿ ಎದ್ದು ಬಿದಿರಿನ ಹಿಂಡಿಲು ಅಲುಗಿತು. ಎಂಟನೆಯ ಶ್ಲೋಕವೂ ಹತ್ತನೆಯ ಶ್ಲೋಕವೂ ಒಂದೇ ಕಡೆ ಸಿಕ್ಕಿತೆಂದು ಕಿವಿಗೊಟ್ಟು ನಿಂತೆವು. ಬಿದಿರು ಬಹಳ ಹೊತ್ತು ಬರಿದೆ ಕಿರುಗುಟ್ಟಿತು. ಆಮೇಲೆ ಎಲ್ಲೋ ಒಳಗಿನಿಂದ ಒಂದೇ ಒಂದು ಸಲ, ಮಂದ್ರದಲ್ಲಿ, ಹೂಂ ಎಂದು ದನಿ ಬಂತು. ಅಷ್ಟರಲ್ಲಿ ಮಳೆ ಜೋರಾಗಿ ಹಿಡಿದುದರಿಂದ ಮನೆಗೆ ಓಡಿದೆವು.

ಬರುವ ಶ್ರಾವಣಕ್ಕೆ ಮೊಮ್ಮಗಳೂ ಬರುವೆನೆಂದು ಹಟ ಹಿಡಿದಿದ್ದಾಳೆ. ಅವಳ ತಾಯಿಗೆ ಇಂಬಳದ ಭಯ. ಉಪ್ಪು ಸುಣ್ಣ ಕಟ್ಟಿ ಒಯ್ಯುತ್ತೇವೆಂದು ಒಪ್ಪಿಸಿದ್ದೇವೆ. ಮೊನ್ನೆ ಫೋನಿನಲ್ಲಿ, ದೊಡ್ಡ ಬ್ಯಾಟರಿ ತರಲೇ ಅಜ್ಜಾ ಎಂದು ಕೇಳಿದಳು. ದಾರಿಗೆ ಬೇಕು, ತಾ. ಅಲ್ಲಿ ಮುಟ್ಟಿದ ಮೇಲೆ ನಮ್ಮ ಕೈಗೆ ಕೊಡಬೇಕು ಎಂದೆವು.